ಹೆಸರಿಟ್ಟವರು, ಬರೆದುಕೊಂಡವರು

ಶಿವರಾಮ ಕಾರಂತರ ‘ಚೋಮನ ದುಡಿ’ಯನ್ನು ಓದಿದವರಿಗೆ ಚೋಮನೂ ಅವನ ಮಕ್ಕಳಾದ ಚನಿಯ, ಗುರುವರೂ ಮರೆಯತಕ್ಕವರಲ್ಲ. ಆದರೆ ಚೋಮನ ಹೆಸರಿನಲ್ಲಿ ಸೋಮವಾರವೂ, ಚನಿಯನ ಹೆಸರಿನಲ್ಲಿ ಶನಿವಾರವೂ, ಗುರುವನ ಹೆಸರಿನಲ್ಲಿ ಗುರುವಾರವೂ ಅಡಗಿರುವುದನ್ನು ಲಕ್ಷಿಸಿದವರು ವಿರಳ. ತುಳುನಾಡಿನಲ್ಲಿ ಭಾನುವಾರ ಹುಟ್ಟಿದ ಮಗು ಐತನಾಗುತ್ತಿತ್ತು. ಮಂಗಳವಾರದ್ದು ಅಂಗಾರ, ಶುಕ್ರವಾರದ್ದು ತುಕ್ರ. ಪಂಚಾಂಗವನ್ನಾಗಲಿ ಪುರೋಹಿತನನ್ನಾಗಲಿ ಕರೆಸುವ ಅನುಕೂಲವಿಲ್ಲದ ಗುಡಿಸಲುಗಳಲ್ಲಿ ವಾರವೇ ಹೆಸರನ್ನು ಒದಗಿಸುತ್ತಿತ್ತು.

ಇದೇ ಪದ್ಧತಿ ಪಶ್ಚಿಮ ಆಫ್ರಿಕದ ಘಾನಾ ದೇಶದ ಅಕಾನ್ ಜನರಲ್ಲಿಯೂ ಉಂಟು. ವಿಶ್ವಸಂಸ್ಥೆಯ ಮಹಾಕಾರ್ಯದರ್ಶಿಯಾಗಿದ್ದ ಕೋಫಿ ಅನ್ನಾನರ ‘ಕೋಫಿ’ ಶುಕ್ರವಾರದ ಹೆಸರು. ಸ್ವತಂತ್ರ ಘಾನಾದ ಮೊದಲ ಅಧ್ಯಕ್ಷರಾದ ಕ್ವಾಮೆ ಎನ್‌ಕ್ರೂಮಾ ಅವರ ‘ಕ್ವಾಮೆ’ ಶನಿವಾರದ್ದು. ಅಲ್ಲಿ ಅರಸನ ಮಗನಿಗೂ ಆಳಿನ ಮಗನಿಗೂ ವಾರದ ಹೆಸರು ಸಮಾನವಾಗಿ ಸಲ್ಲುತ್ತದೆ. ಇಲ್ಲಿಯಾದರೋ, ದೇವತೆಗಳ ನಾಮಧೇಯಗಳು ಉಳ್ಳವರ ಮನೆಗಳಿಗೆ ಮೀಸಲೆಂಬಂತಿದ್ದ ಸಮಾಜದಲ್ಲಿ, ‘ಐತ’ ಎಂದು ಕೂಗಿದೊಡನೆಯೇ ಓಗೊಟ್ಟವನ ಜಾತಿ ಯಾವುದೆಂದು ಊರಿಗೆಲ್ಲ ತಿಳಿಯುತ್ತಿತ್ತು. ಆದಕಾರಣ ಹೆಸರಿನ ಅರ್ಥವನ್ನು ನಿಘಂಟಿನಲ್ಲಿ ಹುಡುಕಿ ತೃಪ್ತರಾಗುವುದಕ್ಕಿಂತ, ಅದನ್ನು ಇಟ್ಟವರಾರು, ಯಾವ ಸ್ಥಿತಿಯಲ್ಲಿ ಇಟ್ಟರು ಎಂದು ವಿಚಾರಿಸುವುದೇ ಮೇಲೆಂದು ನನಗೆ ತೋರುತ್ತದೆ.

ಹುಟ್ಟಿದ ಮಕ್ಕಳೆಲ್ಲ ಒಂದೊಂದಾಗಿ ತೀರಿಹೋದ ಮನೆಯಲ್ಲಿ, ಮತ್ತೆ ಹುಟ್ಟಿದ ಕೂಸನ್ನು ತಿಪ್ಪೆಯ ಮೇಲೆ ಹೊರಳಿಸಿ ‘ತಿಪ್ಪ’ನೆಂದು ಕರೆದ ತಾಯಿಯ ಉದ್ದೇಶ, ಕಸದಂತಹ ಈ ಜೀವದ ಮೇಲೆ ಮೃತ್ಯುವಿನ ಕಣ್ಣು ಬೀಳದಿರಲಿ ಎಂಬುದಷ್ಟೆ. ಚೀನದ ಹಳ್ಳಿಗಳಲ್ಲಿ ಮಕ್ಕಳಿಗೆ ನಾಯಿಯೂ ತಿನ್ನದೆ ಬಿಟ್ಟದ್ದು ಎಂಬರ್ಥದ ಅಡ್ಡಾದಿಡ್ಡಿ ಹೆಸರನ್ನಿಡುತ್ತಿದ್ದುದೂ ಇದೇ ಭಯದಿಂದ. ಹೆಣ್ಣಿನ ಮೇಲೆ ಹೆಣ್ಣು ಹುಟ್ಟಿದಾಗ ಕೊನೆಯವಳಿಗೆ ಇಟ್ಟ ‘ಸಾಕಮ್ಮ’ ಎಂಬ ಹೆಸರಿನಲ್ಲಿ ಮಾತ್ರ ಇಂಥ ವಾತ್ಸಲ್ಯ ಕಾಣದು.

ಮಗುವಿನ ಹೆಸರು ಹೀಗೆ ತೊಟ್ಟಿಲ ಬಳಿ ಹುಟ್ಟಿದರೆ, ಕುಲನಾಮವು ಬಹುಮಟ್ಟಿಗೆ ಸರಕಾರದ ಕಡತದಲ್ಲಿ ಹುಟ್ಟಿತು. ಇದನ್ನು ಅನಾದಿಯಾದ ವಂಶಚಿಹ್ನೆಯೆಂದು ಅಭಿಮಾನದಿಂದ ಮೆರೆಸುವವರು ಫಿಲಿಪೀನ್ಸ್ ದ್ವೀಪಗಳ ವೃತ್ತಾಂತವನ್ನು ಅವಶ್ಯವಾಗಿ ತಿಳಿಯಬೇಕು. ಸ್ಪೇನಿನ ಆಳ್ವಿಕೆಯ ಕಾಲದಲ್ಲಿ ಅಲ್ಲಿಯ ಜನರು ಕ್ರೈಸ್ತಮತವನ್ನು ಸ್ವೀಕರಿಸುತ್ತ, ಭಕ್ತಿಯಿಂದ ‘ದೆ ಲಾ ಕ್ರೂಸ್’, ‘ದೆ ಲೋಸ್ ಸಾಂತೋಸ್’ ಎಂಬ ಹೆಸರುಗಳನ್ನೇ ಬಹಳವಾಗಿ ಇಟ್ಟುಕೊಂಡರು. ಒಂದೇ ಮನೆಯ ಅಣ್ಣತಮ್ಮಂದಿರು ಬೇರೆ ಬೇರೆ ಕುಲನಾಮಗಳನ್ನು ಧರಿಸಿದ್ದೂ ಉಂಟು. ಯಾರಿಂದ ತೆರಿಗೆ ಬಂದಿದೆ, ಯಾರು ತಪ್ಪಿಸಿಕೊಂಡಿದ್ದಾರೆ ಎಂಬುದು ಗುಮಾಸ್ತರಿಗೆ ತಿಳಿಯದಾಯಿತು. 1849ರ ನವೆಂಬರಿನಲ್ಲಿ ಗವರ್ನರ್ ಜನರಲ್ ನಾರ್ಸಿಸೊ ಕ್ಲಾವೆರಿಯಾ ಆಜ್ಞೆ ಹೊರಡಿಸಿ, ಅಕಾರಾದಿಯಾಗಿ ಜೋಡಿಸಿದ ಸಹಸ್ರಾರು ಕುಲನಾಮಗಳ ಪಟ್ಟಿಯೊಂದನ್ನು ಪ್ರಾಂತಗಳಿಗೆ ಹಂಚಿಸಿದನು. ಸ್ಪೇನಿನ ಮನೆತನಗಳ ಹೆಸರುಗಳಲ್ಲದೆ ಗಿಡಮರ, ಖನಿಜ, ಊರುಕೇರಿಗಳ ಹೆಸರುಗಳೂ ದೇಶ್ಯಪದಗಳೂ ಆ ಪಟ್ಟಿಯಲ್ಲಿದ್ದವು. ಅಧಿಕಾರಿಗಳು ಅದರ ಕೆಲವು ಹಾಳೆಗಳನ್ನು ಒಂದೊಂದು ಊರಿಗೆ ಕಳುಹಿಸಿದರು. ಊರವರು ಆ ಹಾಳೆಯೊಳಗಿನದನ್ನೇ ಆರಿಸಿಕೊಳ್ಳಬೇಕಾಯಿತು. ಇದರ ಪರಿಣಾಮವಾಗಿ ಆಲ್ಬಾಯ್ ಪ್ರಾಂತದ ಓಆಸ್ ಪಟ್ಟಣದಲ್ಲಿ ರೇಫದಿಂದ ಆರಂಭವಾಗುವ ಕುಲನಾಮಗಳೇ ತುಂಬಿಕೊಂಡವು. ಸ್ಪ್ಯಾನಿಷ್ ಹೆಸರಿರುವ ಮಾತ್ರದಿಂದ ಫಿಲಿಪಿನೊ ಒಬ್ಬನಿಗೆ ಸ್ಪೇನಿನ ರಕ್ತಸಂಬಂಧವಿದೆಯೆಂದು ಊಹಿಸುವುದು ಎಷ್ಟು ನಿರಾಧಾರವೆಂಬುದು ಇದರಿಂದ ವಿದಿತವಾಗುತ್ತದೆ.

ಜಪಾನಿನಲ್ಲಿ ಸಾಮಾನ್ಯ ಪ್ರಜೆಗಳೆಲ್ಲರೂ ಕುಲನಾಮವಿಟ್ಟುಕೊಳ್ಳಲೇಬೇಕೆಂಬ ಕಟ್ಟಳೆ ಬಂದದ್ದು 1875ರಲ್ಲಿ. ಗದ್ದೆಯ ನಡುವೆ ಎಂಬರ್ಥದ ತನಾಕಾ, ಬೆಟ್ಟದ ಬುಡ ಎಂಬರ್ಥದ ಯಾಮಾಮೋಟೊ ಮೊದಲಾದ ಹೆಸರುಗಳು ಅಲ್ಲಿ ಹೇರಳ. ತುರ್ಕಿಯಲ್ಲಿ ಈ ಶಾಸನವಾದದ್ದು 1934ರಲ್ಲಿ. ಅದೇ ವರ್ಷ ಮುಸ್ತಫಾ ಕೆಮಾಲನಿಗೆ ‘ತುರ್ಕರ ಪಿತ’ ಎಂಬರ್ಥದ ಅತಾತುರ್ಕ್ ಎಂಬ ಕುಲನಾಮ ಪ್ರದಾನವಾಯಿತು. ಬೇರೆ ಯಾರೂ ಅದನ್ನಿಟ್ಟುಕೊಳ್ಳಕೂಡದೆಂದು ನಿಷೇಧವೂ ಆಯಿತು.

ಬಡವನ ಕಸುಬು ಹೆಸರಾಗಿ ನಿಂತದ್ದು ಮಾತ್ರ ಅನೇಕ ದೇಶಗಳಿಗೆ ಸಮಾನ. ಇಂಗ್ಲಿಷರ ಸ್ಮಿತ್, ಜರ್ಮನರ ಶ್ಮಿಟ್, ಹಂಗೇರಿಯವರ ಕೊವಾಚ್, ಅರಬರ ಹದ್ದಾದ್, ನಮ್ಮ ಕಂಬಾರ, ಇವರೆಲ್ಲರ ಪೂರ್ವಜರೂ ಕುಲುಮೆಯ ಮುಂದೆ ಬೆವರು ಸುರಿಸಿದವರೇ. ಉತ್ತರ ಕರ್ನಾಟಕದ ಅಡ್ಡಹೆಸರುಗಳಷ್ಟು ಸೊಗಸಾದ ಸಂಗ್ರಹ ಮತ್ತೆಲ್ಲಿಯಾದರೂ ದೊರೆಯುವುದೋ ಇಲ್ಲವೋ. ಊರಿನ ಮುಖ್ಯಸ್ಥ ಪಾಟೀಲ, ಲೆಕ್ಕ ಬರೆದವನು ಕುಲಕರ್ಣಿ, ಮರಗೆಲಸದವನು ಬಡಿಗೇರ, ಹೂ ಕಟ್ಟಿದವನು ಹೂಗಾರ, ಇವು ಸಹಜವೇ. ಆದರೆ ಮೆಣಸಿನಕಾಯಿ, ಉಳ್ಳಾಗಡ್ಡಿ, ಬೆಲ್ಲದ, ಅಂಗಡಿ ಎಂಬ ಮನೆತನಗಳನ್ನು ಕಂಡು ದಕ್ಷಿಣದವರು ಮೊದಲು ನಗುತ್ತಾರೆ. ಯಾವನೋ ಹಿರಿಯನು ಸಂತೆಯಲ್ಲಿ ಆ ಸರಕನ್ನು ಹರವಿಕೊಂಡು ಕುಳಿತಿದ್ದುದನ್ನು ಕಂಡು ನೆರೆಹೊರೆಯವರು ಕರೆದದ್ದನ್ನೇ ಬರೆಯುವವನು ಬರೆದುಕೊಂಡಿರಬೇಕು. ಮೊಮ್ಮಗನು ಪ್ರಾಧ್ಯಾಪಕನಾದರೂ ಮೆಣಸಿನಕಾಯಿ ಬಿಡಲಿಲ್ಲ. ಹುಸಿ ಬಿರುದುಗಳಿಗಿಂತ ಇಂಥ ಹೆಸರೇ ನನಗೆ ಹೆಚ್ಚು ಗೌರವಾರ್ಹವಾಗಿ ತೋರುತ್ತದೆ.

ಹಳೆಯ ಮೈಸೂರಿನಲ್ಲಿ ಅಡ್ಡಹೆಸರಿನ ಸ್ಥಾನವನ್ನು ಇನಿಷಿಯಲ್ಲುಗಳು ತುಂಬಿವೆ. ದ.ರಾ. ಬೇಂದ್ರೆಯವರಲ್ಲಿ ತಮ್ಮ ಹೆಸರು, ತಂದೆಯ ಹೆಸರು, ಕೊನೆಗೆ ಮನೆತನದ ಹೆಸರು ಬಂದರೆ, ಕುವೆಂಪು ಅವರಲ್ಲಿ ಮೊದಲು ಕುಪ್ಪಳಿ, ಬಳಿಕ ತಂದೆ ವೆಂಕಟಪ್ಪ, ಕಡೆಯಲ್ಲಿ ತಾವು. ಐಸ್‌ಲೆಂಡಿನವರೂ ಇಂದಿಗೂ ಬಹುಮಟ್ಟಿಗೆ ತಂದೆಯ ಹೆಸರನ್ನೇ ಅವಲಂಬಿಸುತ್ತಾರೆ. 1980ರಲ್ಲಿ ಅಲ್ಲಿಯ ಅಧ್ಯಕ್ಷೆಯಾಗಿ ಆಯ್ಕೆಯಾದ ವಿಗ್ದಿಸ್ ಫಿನ್‌ಬೊಗಾದೋತ್ತಿರ್ ಎಂದರೆ ಫಿನ್‌ಬೊಗಿಯ ಮಗಳು ವಿಗ್ದಿಸ್. ಒಡಹುಟ್ಟಿದ ಗಂಡಿಗೆ ಕೊನೆಯಲ್ಲಿ ‘ಸನ್’, ಹೆಣ್ಣಿಗೆ ‘ದೋತ್ತಿರ್’ ಬರುವುದರಿಂದ ಒಂದೇ ಮನೆಯಲ್ಲಿ ಎರಡು ಬಗೆಯ ಹೆಸರುಗಳಿರುತ್ತವೆ. ಅಲ್ಲಿಯ ದೂರವಾಣಿ ಸೂಚಿಯನ್ನು ಜೋಡಿಸುತ್ತಿದ್ದುದೂ ಸ್ವಂತ ಹೆಸರಿನ ಕ್ರಮದಲ್ಲಿಯೇ.

ನಮ್ಮವರು ಪರದೇಶಕ್ಕೆ ಹೊರಟಾಗ ಪಾಸ್‌ಪೋರ್ಟಿನ ಕುಲನಾಮದ ಅಂಕಣವನ್ನು ತುಂಬಲು, ಇನಿಷಿಯಲ್ಲನ್ನು ಬಿಡಿಸಿ ತಂದೆಯ ಹೆಸರನ್ನೋ ಊರಿನ ಹೆಸರನ್ನೋ ಬರೆಯುತ್ತಾರೆ. ಅಮೆರಿಕದಲ್ಲಿ ಹುಟ್ಟಿದ ಮಕ್ಕಳಿಗೆ ಅದೇ ಮುಂದುವರಿದರೆ, ಹಾಸನದ ಕಡೆಯ ಯಾರೋ ನಂಜುಂಡಪ್ಪನವರ ಹೆಸರು ಅಲ್ಲಿ ಮೊಮ್ಮಗಳ ಕುಲನಾಮವಾಗಿ ನಿಲ್ಲುತ್ತದೆ. ಇಂಗ್ಲೆಂಡಿನಲ್ಲಿ ಯಾವನೋ ಜಾನನ ಮಗನನ್ನು ಕರೆದ ‘ಜಾನ್ಸನ್’ ಒಂದು ಮನೆತನದ ಹೆಸರಾಗಿ ಉಳಿದದ್ದೂ ಇದೇ ಮಾರ್ಗದಿಂದ.