ಕೊಡಗಿನ ಕೆಂಪು ಬಸವನಹುಳು ಮತ್ತು ಅದರ ಕಡಲ ನೆಂಟರು

ಮುಂಗಾರು ಹಿಡಿದುಕೊಂಡ ಮೇಲೆ ಕೊಡಗಿನ ಕಾಡುಗಳಲ್ಲಿ ಕಾಣಿಸುವ ಬಸವನಹುಳುಗಳಲ್ಲಿ ಎಲ್ಲಕ್ಕಿಂತ ಚೆಲುವಾದದ್ದು ಇಂಡ್ರೆಲ್ಲಾ ಆಂಪುಲ್ಲಾ. ಕೆಲವುಗಳ ಮೈ ಕಡುಗೆಂಪು, ಕೆಲವುಗಳದು ಹಳದಿ. ಬಣ್ಣ ಬೇರೆಯಾದರೂ ಜಾತಿ ಒಂದೇ, ಇಂಡ್ರೆಲ್ಲಾ ಕುಲದಲ್ಲಿರುವುದೂ ಇದೊಂದೇ ಜಾತಿ. ಪಶ್ಚಿಮ ಘಟ್ಟ ಬಿಟ್ಟರೆ ಜಗತ್ತಿನ ಬೇರೆಲ್ಲೂ ಇದು ಇಲ್ಲ. ಚಿಪ್ಪು ತೆಳು, ದುಂಡಗೆ ಉಬ್ಬಿದ್ದು. ಬಾಯಿ ಅಗಲ, ಸುರುಳಿ ಗಿಡ್ಡ. ಹರಿದಾಡುವಾಗ ಮೈ ಚಿಪ್ಪಿನಾಚೆಗೆ ಬಹುದೂರ ಚಾಚಿಕೊಂಡಿರುತ್ತದೆ.

ಇದೇ ಬಗೆಯ ಉಬ್ಬುಚಿಪ್ಪು ಸಮುದ್ರದ ಗುಳ್ಳೆ ಬಸವನಹುಳುಗಳಲ್ಲೂ ಇದೆ. ಹಿಂದೂ ಮಹಾಸಾಗರದಿಂದ ಪೆಸಿಫಿಕ್‌ವರೆಗೆ ಹರಡಿರುವ ಬುಲ್ಲಾ ಆಂಪುಲ್ಲಾ ಹಗಲು ಮರಳಿನಲ್ಲಿ ಹುದುಗಿದ್ದು, ರಾತ್ರಿ ಹೊರಬಂದು ಪಾಚಿ ಮೇಯುತ್ತದೆ. ಅದರ ತಲೆಯ ಮೇಲೆ ಚಪ್ಪಟೆಯಾದ ಮಾಂಸದ ಗುರಾಣಿಯಿದೆ. ಮರಳನ್ನು ಸೀಳಿ ಮುಂದೆ ಸಾಗುವುದು ಅದರಿಂದಲೇ. ನುಂಗಿದ ಆಹಾರವನ್ನು ಜಠರದೊಳಗಿನ ಗಟ್ಟಿ ಫಲಕಗಳು ಅರೆಯುತ್ತವೆ. ಬಳಗದವೆಲ್ಲ ಸಸ್ಯಾಹಾರಿಗಳಲ್ಲ: ಫಿಲೈನ್ ಬೇಟೆಗಾರ, ಅದರ ಚಿಪ್ಪು ಪೂರ್ತಿ ಮಾಂಸದೊಳಗೆ ಅಡಗಿದೆ. ಪಶ್ಚಿಮ ಘಟ್ಟದ ಮರಿಯೆಲ್ಲಾ ಡುಸ್ಸುಮಿಯೇರಿ ಎಂಬ ನೆಲದ ಹುಳುವಿನಲ್ಲೂ ಚಿಪ್ಪು ಕುಗ್ಗಿ ಚಪ್ಪಟೆ ತುಣುಕಾಗಿದೆ. ಆದರೆ ಈ ಎರಡು ಬಳಗಗಳಲ್ಲಿ ಚಿಪ್ಪು ಕುಗ್ಗಿದ್ದು ಪ್ರತ್ಯೇಕವಾಗಿ, ಒಂದರಿಂದ ಇನ್ನೊಂದಕ್ಕೆ ಬಂದದ್ದಲ್ಲ.

ಹಾಗೆಂದು ಇವು ಪರಕೀಯರೂ ಅಲ್ಲ. ಫ್ರಾನ್ಸಿನ ಮಿಲ್ನ್ ಎಡ್ವರ್ಡ್ಸ್ 1848ರಲ್ಲಿ ಕಿವಿರು ಹೃದಯದ ಮುಂದಿದೆಯೋ ಹಿಂದಿದೆಯೋ ಎಂಬುದರ ಮೇಲೆ ಕಡಲ ಬಸವನಹುಳುಗಳನ್ನು ವಿಂಗಡಿಸಿದ. ಗುಳ್ಳೆ ಬಸವನಹುಳುಗಳು ಹಿಂಗಿವಿರಿನ ಗುಂಪಿಗೆ ಸೇರಿದವು. ನೆಲದ ಬಸವನಹುಳುಗಳು ಶ್ವಾಸಕೋಶವಿರುವ ಬೇರೊಂದು ಗುಂಪಾಗಿಯೇ ಉಳಿದವು. ಒಂದೂವರೆ ಶತಮಾನ ಪಠ್ಯಪುಸ್ತಕಗಳು ಇದನ್ನೇ ಕಲಿಸಿದವು. 2010ರಲ್ಲಿ ಕಟರೀನಾ ಯೋರ್ಗರ್ ಮತ್ತು ಸಂಗಡಿಗರು ಡಿಎನ್‌ಎ ಆಧಾರದಲ್ಲಿ ಹೊಸ ವಂಶವೃಕ್ಷ ಮುಂದಿಟ್ಟಾಗ ಹಳೆಯ ಬೇಲಿ ಮುರಿಯಿತು. ಗುಳ್ಳೆ ಬಸವನಹುಳುಗಳ ಮುಖ್ಯ ಬಳಗ ಮತ್ತು ಶ್ವಾಸಕೋಶದವು ಪರಸ್ಪರ ಹತ್ತಿರದ ಕವಲುಗಳು ಎಂದು ಕಂಡಿತು. ಪೂಜೆಗೆ ಊದುವ ಶಂಖವೂ ಬುಲ್ಲಾವೂ ಒಂದೇ ಕಡಲಿನವು, ಆದರೂ ಬುಲ್ಲಾಕ್ಕೆ ಹೆಚ್ಚು ಹತ್ತಿರದ ರಕ್ತಸಂಬಂಧಿ ಘಟ್ಟದ ಮೇಲಿನ ಇಂಡ್ರೆಲ್ಲಾ. ಇನ್ನೊಂದು ಕಡೆ, ಗುಳ್ಳೆಯಂಥದೇ ಚಿಪ್ಪಿನ ಹೈಡಾಟಿನಾ ಈ ಬಳಗದಿಂದಲೇ ಹೊರಗೆ ಬಿದ್ದಿತು. ಚಿಪ್ಪನ್ನಷ್ಟೇ ನೋಡಿ ನೆಂಟಸ್ತಿಕೆ ಹೇಳಬಾರದೆಂಬುದಕ್ಕೆ ಇದಕ್ಕಿಂತ ಸ್ಪಷ್ಟವಾದ ಉದಾಹರಣೆ ಸಿಗಲಾರದು.

ನೆಂಟಸ್ತಿಕೆಯ ಗುರುತು ಮೈಯೊಳಗೂ ಇದೆ: ಗಂಡು ಹೆಣ್ಣು ಎರಡೂ ಅಂಗಗಳು ಒಂದೇ ಜೀವಿಯಲ್ಲಿರುತ್ತವೆ. ನೆಲಕ್ಕೆ ಬಂದ ಕವಲು ಮಾತ್ರ ದೊಡ್ಡ ಬದಲಾವಣೆಗಳನ್ನು ಕಂಡಿತು. ಕಿವಿರು ಹೋಗಿ, ಅದಿದ್ದ ಕುಹರದ ಗೋಡೆಯಲ್ಲಿ ರಕ್ತನಾಳಗಳು ಹೆಣೆದುಕೊಂಡು ಶ್ವಾಸಕೋಶವಾಯಿತು. ಬಲಪಕ್ಕದಲ್ಲಿ ತೆರೆದು ಮುಚ್ಚುವ ಸಣ್ಣ ರಂಧ್ರವೇ ಅದರ ಬಾಗಿಲು. ನೀರಿನಲ್ಲಿ ಈಜುವ ಮರಿಹಂತವೂ ಇಲ್ಲವಾಗಿ, ಮೊಟ್ಟೆಯಿಂದ ನೇರವಾಗಿ ಪುಟ್ಟ ಬಸವನಹುಳುವೇ ಹೊರಬರುತ್ತದೆ. ಚಿಪ್ಪಿಗೆ ಬೇಕಾದ ಸುಣ್ಣದಂಶ ಕಡಲಲ್ಲಿ ಧಾರಾಳ. ಜಡಿಮಳೆ ತೊಳೆದ ಕೊಡಗಿನ ಹುಳಿಮಣ್ಣಿನಲ್ಲಿ ಅದು ಕಡಿಮೆ. ಇಂಥ ಕಡೆ ತೆಳುಚಿಪ್ಪು ಖರ್ಚು ಉಳಿಸುತ್ತದೆ. ಆದರೆ ಒಣಹವೆಯಿಂದ ಹೆಚ್ಚು ರಕ್ಷಣೆ ಕೊಡದು. ಹಾಗಾಗಿ ತೇವ ಆರದ ನೆರಳು ಇಂಡ್ರೆಲ್ಲಾಕ್ಕೆ ಬೇಕೇ ಬೇಕು.

ಇಂಡ್ರೆಲ್ಲಾ ಕುಲವನ್ನು 1901ರಲ್ಲಿ ಸ್ಥಾಪಿಸಿದವನು ಕಾರಕೋರಂ ಪರ್ವತಗಳ ಸರ್ವೇಕ್ಷಕ ಗಾಡ್ವಿನ್ ಆಸ್ಟೆನ್. ಜಾತಿಯನ್ನು 1850ರಲ್ಲೇ ವಿವರಿಸಿದ್ದವನು ಬಂಗಾಳದ ಅಧಿಕಾರಿ ವಿಲಿಯಂ ಬೆನ್ಸನ್. ಅದೇ ಬೆನ್ಸನ್ 1847ರಲ್ಲಿ ಮಾರಿಷಸ್‌ನಿಂದ ತಂದ ಆಫ್ರಿಕನ್ ದೈತ್ಯ ಬಸವನಹುಳುಗಳನ್ನು ಕಲ್ಕತ್ತದ ತೋಟವೊಂದರಲ್ಲಿ ಬಿಟ್ಟ. ಭಾರತಕ್ಕೆ ಆ ಪೀಡೆ ಕಾಲಿಟ್ಟದ್ದು ಹಾಗೆ. ಈಗ ಕೊಡಗಿನ ಶನಿವಾರಸಂತೆ ಭಾಗದ ಕಾಫಿ ತೋಟಗಳೂ ಅದರ ಕಾಟ ಕಂಡಿವೆ. ಒಮ್ಮೆಗೆ ನೂರಾರು ಮೊಟ್ಟೆಯಿಡುವ ಅದು ರಾತ್ರಿ ಹೊತ್ತು ಎಲೆ, ತೊಗಟೆ, ಹಣ್ಣುಗಳನ್ನು ಕೆರೆದು ತಿನ್ನುತ್ತದೆ. ಇಲಿಗಳ ಶ್ವಾಸಕೋಶದ ಜಂತುವಿಗೂ ಆಶ್ರಯವಾಗಬಲ್ಲದು, ಆದ್ದರಿಂದ ಬರಿಗೈಯಲ್ಲಿ ಮುಟ್ಟುವುದು ಒಳ್ಳೆಯದಲ್ಲ.

ಬೆಳೆಗಾರರ ಸಂಕಟ ನಿಜ. ಆದರೆ ಅದನ್ನು ಕೊಲ್ಲಲು ಇಡುವ ವಿಷದ ತಿಂಡಿಗೆ ಪರದೇಶಿ ಯಾವುದು, ಘಟ್ಟದ್ದು ಯಾವುದು ಎಂಬ ಭೇದ ಗೊತ್ತಿಲ್ಲ. ಕಾಡಂಚಿನ ತೋಟಗಳಲ್ಲಿ ಕೈಗವಸು ತೊಟ್ಟು, ಸಂಜೆಯ ನಂತರ ಆರಿಸಿ ತೆಗೆಯುವುದೇ ಮೇಲು. ಗುರುತು ಹಿಡಿಯುವುದು ಕಷ್ಟವಲ್ಲ: ಆಫ್ರಿಕದ್ದರ ಚಿಪ್ಪು ಉದ್ದ, ತುದಿ ಮೊನೆ, ಮೇಲೆ ಕಂದು ಪಟ್ಟೆಗಳು, ಇಂಡ್ರೆಲ್ಲಾದ್ದು ಗುಂಡು, ತೆಳು, ಪಟ್ಟೆಗಳಿಲ್ಲದ್ದು.