ಸೊಂಟನೋವಿಗೊಂದು ಸಂಕೇತ

ಸೊಂಟನೋವೆಂದು ಆಸ್ಪತ್ರೆಗೆ ಹೋದಾಗ ಚೀಟಿಯಲ್ಲಿ 'ಎಂ54.5' ಎಂದು ಬರೆದಿದ್ದರೆ ಗಾಬರಿಯಾಗಬೇಡಿ. ಅದು ವಿಶ್ವ ಆರೋಗ್ಯ ಸಂಸ್ಥೆಯ ರೋಗಪಟ್ಟಿಯಾದ ಐಸಿಡಿ-10ರಲ್ಲಿ ಸೊಂಟನೋವಿಗಿರುವ ಸಂಕೇತ. ಅಮೆರಿಕವು 2021ರ ಅಕ್ಟೋಬರ್ 1ರಿಂದ ತನ್ನ ಪಟ್ಟಿಯಲ್ಲಿ ಇದನ್ನು ಮೂರಾಗಿ ವಿಂಗಡಿಸಿತು: ಕಾರಣ ನಮೂದಿಸದ ನೋವಿಗೆ ಎಂ54.50, ಬೆನ್ನೆಲುಬಿನ ಮೂಳೆಯಿಂದಲೇ ಹುಟ್ಟುವ ನೋವಿಗೆ ಎಂ54.51, ಇತರ ಸೊಂಟನೋವಿಗೆ ಎಂ54.59.

'ಕಾರಣ ನಮೂದಿಸಿಲ್ಲ' ಎಂದ ಮಾತ್ರಕ್ಕೆ ನೋವು ಸುಳ್ಳಲ್ಲ. ಮನೆಯವರು ಹಾಗೆ ಹೇಳಿದರೂ ಕುಗ್ಗಬೇಡಿ. ಬಹುಪಾಲು ಸೊಂಟನೋವಿಗೆ ನಿರ್ದಿಷ್ಟ ಕಾರಣ ಸಿಗುವುದೇ ಇಲ್ಲ. ಹಾಸಿಗೆ ಹಿಡಿಯದೆ ಸಾಧ್ಯವಾದಷ್ಟು ಓಡಾಡಿಕೊಂಡಿರಿ. ಆದರೆ ಕಾಲಿನ ಬಲ ಕುಂದಿದರೆ, ತೊಡೆಸಂದಿಯಲ್ಲಿ ಜೋಮು ಹಿಡಿದರೆ, ಮೂತ್ರದ ಮೇಲಿನ ಹಿಡಿತ ತಪ್ಪಿದರೆ ಒಂದು ದಿನವೂ ಕಾಯಬೇಡಿ, ಕೂಡಲೇ ವೈದ್ಯರನ್ನು ಕಾಣಿರಿ. ಆಗ ಕಾರಣ ಹುಡುಕಲೇಬೇಕು.