ಮನೆಯ ಚಿತ್ರಸುರುಳಿ ಮತ್ತು ಕುಟುಂಬಸ್ಮೃತಿ

1895ರಲ್ಲಿ ಲೂಯಿ ಲೂಮಿಯೇರ್ ತೆಗೆದ ಚಿತ್ರವೊಂದರಲ್ಲಿ ಆತನ ಅಣ್ಣ-ಅತ್ತಿಗೆಯರು ತಮ್ಮ ಮಗುವಿಗೆ ಉಣಿಸುತ್ತಿದ್ದಾರೆ. ಚಲನಚಿತ್ರಕ್ಕೆ ಕುಟುಂಬವು ಮೊದಲಿನಿಂದಲೂ ವಸ್ತುವಾಗಿದೆ. ಆದರೆ ಮನೆಯವರೇ ತೆಗೆದ ಸುರುಳಿಗಳನ್ನು ಆಕರವೆಂದು ಪರಿಗಣಿಸುವ ಕ್ರಮ ನಮ್ಮಲ್ಲಿ ತಡವಾಗಿ ಬಂದಿತು. ಈ ದೃಷ್ಟಿಯಿಂದ ಬೆಂಗಳೂರಿನ ಕಲಾವಿದೆ ಆಯಿಷಾ ಅಬ್ರಹಾಂ ಅವರ ‘ಸ್ಟ್ರೈಟ್ 8’ (2005) ಗಮನಾರ್ಹವಾದುದು. ಬೆಂಗಳೂರಿನ ಆಂಗ್ಲೋ-ಇಂಡಿಯನ್ ಹವ್ಯಾಸಿ ಛಾಯಾಗ್ರಾಹಕ ಟಾಮ್ ಡಿಅಗ್ವಿಯಾರ್ ಅವರ ಹಳೆಯ ಸುರುಳಿಗಳೂ ನೆನಪುಗಳೂ ಅದರ ಸಾಮಗ್ರಿ.

ಕೊಡಾಕ್ ಸಂಸ್ಥೆ 1932ರಲ್ಲಿ ಬಳಕೆಗೆ ತಂದ 8 ಮಿ.ಮೀ. ಫಿಲ್ಮಿನ ಒಂದು ಸುರುಳಿ ಸುಮಾರು 4 ನಿಮಿಷ ಓಡುತ್ತಿತ್ತು. ಅದಕ್ಕೆ ಧ್ವನಿಯಿರಲಿಲ್ಲ. ಆದ್ದರಿಂದ ಪ್ರದರ್ಶನದ ವೇಳೆ ಪಕ್ಕದಲ್ಲಿ ಒಬ್ಬರು ಕುಳಿತು, ಇವಳು ಯಾರು, ಅದು ಯಾವ ಹಬ್ಬ ಎಂದು ವಿವರಿಸಲೇಬೇಕು. ಹೇಳುವವರು ಬದಲಾದರೆ ಕಥೆಯೂ ಬದಲಾಗುತ್ತದೆ. ಜಾನಪದ ವಿದ್ವಾಂಸರು ಬಲ್ಲ ಪಾಠಾಂತರವೆಂದರೆ ಇದೇ. ‘ಮೈನಿಂಗ್ ದ ಹೋಮ್ ಮೂವಿ’ (2008) ಗ್ರಂಥದ ತಮ್ಮ ಪ್ರಬಂಧದಲ್ಲಿ ಅಬ್ರಹಾಂ ಅವರು ಚರ್ಚಿಸಿರುವುದು ಶಿಥಿಲವಾಗುವ ಸ್ಮೃತಿಯನ್ನು, ವಾಸ್ತವ-ಕಲ್ಪಿತಗಳು ಒಂದರೊಳಗೊಂದು ಬೆರೆಯುವುದನ್ನು.

ಶೈಥಿಲ್ಯ ನೆನಪಿಗಷ್ಟೇ ಅಲ್ಲ. ಅಸಿಟೇಟ್ ಫಿಲ್ಮು ಸೆಕೆ, ತೇವಗಳಿಗೆ ಹುಳಿವಾಸನೆ ಬಿಟ್ಟು ಮುರುಟಿಕೊಳ್ಳುತ್ತದೆ. ಕಲಬುರಗಿ ಭಾಗದ ಅಲಮಾರಿಗಳಲ್ಲಿ ಬೂಸ್ಟು ಹಿಡಿಯುವ ಮದುವೆ, ಕುಬಸಗಳ ವಿಡಿಯೋ ಕ್ಯಾಸೆಟ್ಟುಗಳ ಗತಿಯೂ ಬೇರೆಯಲ್ಲ. ಕ್ಷೇತ್ರಕಾರ್ಯಕ್ಕೆ ಹೋದವರು ಹಾಡು ಕೇಳುತ್ತಾರೆ, ಕ್ಯಾಸೆಟ್ಟು ಕೇಳುವುದು ವಿರಳ. ಕೇಳಿದರೂ ಪ್ರತಿ ಮಾಡಿಕೊಂಡರಷ್ಟೇ ಸಾಲದು. ಅದನ್ನು ನೋಡುತ್ತ ಮನೆಯ ಹಿರಿಯಳು ಆಡುವ ಮಾತುಗಳನ್ನೂ ಅದೇ ಕೂಟದಲ್ಲಿ ಧ್ವನಿಮುದ್ರಿಸಿಕೊಳ್ಳಬೇಕಾಗುತ್ತದೆ.